ಡೈವೋರ್ಸ್ ಕೇಸ್ ನಡೆಯುವಾಗಲೇ ಬ್ಯಾಂಕ್ ಮನೆ ಹರಾಜಿಗಿಟ್ಟರೆ: ಪದೇ ಪದೇ ಕೇಳುವ ಪ್ರಶ್ನೆಗಳು

ಸಂಸಾರ ಮುರಿಯುವ ಹೊತ್ತಿಗೆ ಮನೆ ಸಾಲದ ಕಂತೂ ನಿಂತುಹೋಗುತ್ತದೆ. ಅವರು ಕಟ್ಟಲಿ ಅಂತ ಇವರು, ಇವರು ಕಟ್ಟಲಿ ಅಂತ ಅವರು. ಕೌಟುಂಬಿಕ ನ್ಯಾಯಾಲಯದಲ್ಲಿ ವಾಯಿದೆ ಮೇಲೆ ವಾಯಿದೆ ಬೀಳುತ್ತಿರುತ್ತದೆ. ಅಷ್ಟರಲ್ಲಿ ಬ್ಯಾಂಕಿನವರು ಬಂದು ಬಾಗಿಲಿಗೆ ನೋಟಿಸ್ ಅಂಟಿಸಿ ಹೋಗಿರುತ್ತಾರೆ. ತುಮಕೂರು ಜಿಲ್ಲೆಯಲ್ಲಿ ಕಾನೂನು ನೆರವಿನ ಕೆಲಸ ಮಾಡುವ ನಮ್ಮ ಮುಂದೆ ಬರುವ ಪ್ರಶ್ನೆಗಳನ್ನು ಇಲ್ಲಿ ಒಟ್ಟು ಮಾಡಿದ್ದೇವೆ. ಕೇಳುವವರಲ್ಲಿ ಹೆಣ್ಣುಮಕ್ಕಳೇ ಜಾಸ್ತಿ. ಅವರು ಗುಬ್ಬಿಯಲ್ಲೋ ತಿಪಟೂರಿನಲ್ಲೋ ತವರಿನಲ್ಲಿರುತ್ತಾರೆ, ನೋಟಿಸ್ ಗಂಡನ ಮನೆಗೆ ಹೋಗಿರುತ್ತದೆ, ವಿಷಯ ಕಿವಿಗೆ ಬೀಳುವಾಗ ಹರಾಜಿನ ತಾರೀಕು ಹತ್ತಿರ ಬಂದಿರುತ್ತದೆ. ಹಾಗಾಗಬಾರದು ಅಂತಲೇ ಇಷ್ಟು ವಿವರವಾಗಿ ಬರೆದಿದ್ದೇವೆ.

ಡೈವೋರ್ಸ್ ಕೇಸ್ ಮುಗಿಯುವವರೆಗೂ ಬ್ಯಾಂಕ್ ಕಾಯಬೇಕಲ್ವಾ?

ಕಾಯಬೇಕಿಲ್ಲ. ಇದೊಂದು ತಪ್ಪು ನಂಬಿಕೆಯಿಂದಲೇ ಎಷ್ಟೋ ಮಂದಿ ಮನೆ ಕಳೆದುಕೊಳ್ಳುತ್ತಾರೆ.

ಬ್ಯಾಂಕ್ ನಡೆಯುವುದು 2002ರ ಸರ್ಫೇಸಿ ಕಾಯ್ದೆಯ ಪ್ರಕಾರ. ಅಡಮಾನದ ಆಸ್ತಿಯನ್ನು ಸಿವಿಲ್ ದಾವೆ ಹಾಕದೆಯೇ ವಶಕ್ಕೆ ತೆಗೆದುಕೊಂಡು ಮಾರುವ ಅಧಿಕಾರವನ್ನು ಆ ಕಾಯ್ದೆ ಬ್ಯಾಂಕಿಗೆ ಕೊಟ್ಟಿದೆ. ಈ ಕ್ರಮಕ್ಕೆ ಸಿವಿಲ್ ಕೋರ್ಟ್ ತಡೆಯಾಜ್ಞೆ ಕೊಡುವಂತಿಲ್ಲ ಎಂದು ಅದೇ ಕಾಯ್ದೆಯ ಸೆಕ್ಷನ್ 34 ಹೇಳುತ್ತದೆ. ಕೌಟುಂಬಿಕ ನ್ಯಾಯಾಲಯ ನೋಡುವುದು ಗಂಡ-ಹೆಂಡತಿಯ ನಡುವಿನ ವಿಚಾರವನ್ನು. ಅಲ್ಲಿ 'ಮನೆ ಮಾರಕೂಡದು' ಅಂತ ನಿಮಗೆ ಸ್ಟೇ ಸಿಕ್ಕಿದ್ದರೂ ಅದು ನಿಮ್ಮ ಗಂಡನ ಕೈ ಕಟ್ಟುತ್ತದೆ. ನೀವು ಕೇಸ್ ಹಾಕುವುದಕ್ಕೆ ಮೊದಲೇ ಸಾಲ ಕೊಟ್ಟು ಅಡಮಾನ ಮಾಡಿಸಿಕೊಂಡಿದ್ದ ಬ್ಯಾಂಕಿನ ಕೈ ಕಟ್ಟುವುದಿಲ್ಲ.

ಒಂದು ವ್ಯತ್ಯಾಸ ಗಮನಿಸಿ. ಆ ಆಸ್ತಿಯ ಹಕ್ಕಿನ ಬಗ್ಗೆಯೇ ನೀವು ದಾವೆ ಹಾಕಿದ್ದು, ದಾವೆ ನಡೆಯುವಾಗ ಗಂಡ ಹೋಗಿ ಅಡಮಾನ ಮಾಡಿದ್ದರೆ ಮಾತು ಬೇರೆ. ಆಗ ಆಸ್ತಿ ವರ್ಗಾವಣೆ ಕಾಯ್ದೆಯ ಸೆಕ್ಷನ್ 52 ನಿಮ್ಮ ಸಹಾಯಕ್ಕೆ ಬರುತ್ತದೆ. ಹಾಗಾಗಿ ಮೊದಲು ಎರಡು ತಾರೀಕು ಬರೆದಿಟ್ಟುಕೊಳ್ಳಿ: ಅಡಮಾನ ಆದ ದಿನ, ದಾವೆ ಹಾಕಿದ ದಿನ. ಅಡಮಾನದ ತಾರೀಕು ಗೊತ್ತಿಲ್ಲದಿದ್ದರೆ ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ಅಥವಾ ಕಾವೇರಿ ಪೋರ್ಟಲ್‌ನಿಂದ ಋಣಭಾರ ಪತ್ರ, ಅಂದರೆ ಇ.ಸಿ. ತೆಗೆಸಿ.

ಕಂತು ನಿಂತ ಮೇಲೆ ಹರಾಜಿನವರೆಗೆ ಏನೇನು ಆಗುತ್ತದೆ?

ಕಂತು ಬಾಕಿ 90 ದಿನ ದಾಟಿದರೆ ಖಾತೆ ವಸೂಲಾಗದ ಸಾಲ, ಅಂದರೆ ಎನ್‌ಪಿಎ ಆಗುತ್ತದೆ. ಆಮೇಲೆ ಸೆಕ್ಷನ್ 13(2)ರ ನೋಟಿಸ್ ಬರುತ್ತದೆ: ಪೂರ್ತಿ ಬಾಕಿಯನ್ನು 60 ದಿನದೊಳಗೆ ಕಟ್ಟಿ ಅಂತ. ಕಟ್ಟದಿದ್ದರೆ ಸೆಕ್ಷನ್ 13(4)ರ ಪ್ರಕಾರ ಸ್ವಾಧೀನದ ನೋಟಿಸ್ ಬಾಗಿಲಿಗೆ ಅಂಟುತ್ತದೆ. 7 ದಿನದೊಳಗೆ ಎರಡು ಪತ್ರಿಕೆಗಳಲ್ಲಿ ಪ್ರಕಟವಾಗಬೇಕು, ಅದರಲ್ಲಿ ಒಂದು ಸ್ಥಳೀಯ ಭಾಷೆಯದ್ದಾಗಿರಬೇಕು. ಇದು ಕಾಗದದ ಮೇಲಿನ ಸ್ವಾಧೀನ, ನೀವು ಮನೆಯೊಳಗೇ ಇರುತ್ತೀರಿ. ನಿಜವಾಗಿ ಖಾಲಿ ಮಾಡಿಸಲು ಬ್ಯಾಂಕ್ ಸೆಕ್ಷನ್ 14ರಡಿ ಜಿಲ್ಲಾಧಿಕಾರಿಗೆ ಅಥವಾ ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕುತ್ತದೆ. ನಂತರ ಅನುಮೋದಿತ ಮೌಲ್ಯಮಾಪಕರಿಂದ ಬೆಲೆ ಕಟ್ಟಿಸಿ, ಮೀಸಲು ಬೆಲೆ (ಹರಾಜಿನ ಕನಿಷ್ಠ ಬೆಲೆ) ಗೊತ್ತು ಮಾಡಿ, 30 ದಿನದ ಮಾರಾಟ ನೋಟಿಸ್ ಕೊಟ್ಟು ಇ-ಹರಾಜು ನಡೆಸುತ್ತದೆ. ಮೊದಲ ಹರಾಜಿನಲ್ಲಿ ಹೋಗದಿದ್ದರೆ ಮುಂದಿನದಕ್ಕೆ 15 ದಿನದ ನೋಟಿಸ್ ಸಾಕು.

ಈ ಒಂದೊಂದು ಹೆಜ್ಜೆಯಲ್ಲೂ ನಿಮಗೊಂದು ಅವಕಾಶ ಇದೆ. ಮುಂದಕ್ಕೆ ಹೋದಷ್ಟೂ ಆ ಅವಕಾಶ ಕಿರಿದಾಗುತ್ತದೆ.

ನಾನು ತವರಿನಲ್ಲಿದ್ದೇನೆ. ನೋಟಿಸ್ ನನ್ನ ಕೈಗೇ ಬಂದಿಲ್ಲ. ಹರಾಜು ಬಿದ್ದುಹೋಗುತ್ತಾ?

ನೀವು ಸಾಲಪತ್ರಕ್ಕೆ ಸಹಿ ಹಾಕಿದ್ದೀರಾ ಎನ್ನುವುದು ಮೊದಲ ಪ್ರಶ್ನೆ. ಸಹ-ಸಾಲಗಾರರು ಮಾತ್ರವಲ್ಲ, ಜಾಮೀನು ನಿಂತವರು, ತಮ್ಮ ಆಸ್ತಿಯನ್ನು ಅಡಮಾನ ಕೊಟ್ಟವರು ಎಲ್ಲರೂ ಈ ಕಾಯ್ದೆಯ ಲೆಕ್ಕದಲ್ಲಿ ಸಾಲಗಾರರೇ. ಅಂಥವರು ಎಷ್ಟು ಮಂದಿ ಇದ್ದರೂ 13(2)ರ ನೋಟಿಸ್ ಒಬ್ಬೊಬ್ಬರಿಗೂ ಹೋಗಬೇಕು. ಗಂಡನಿಗೆ ಕೊಟ್ಟಿದ್ದೇವೆ, ಹೆಂಡತಿಗೂ ಗೊತ್ತಿರುತ್ತದೆ ಅಂತ ಬ್ಯಾಂಕ್ ಹೇಳುವಂತಿಲ್ಲ.

ಆದರೆ ಬ್ಯಾಂಕಿನ ಕಡತದಲ್ಲಿರುವ ವಿಳಾಸಕ್ಕೆ ರಿಜಿಸ್ಟರ್ಡ್ ಪೋಸ್ಟ್ ಹೋಗಿದ್ದು, ನೀವು ವಿಳಾಸ ಬದಲಾಗಿದೆ ಅಂತ ಯಾವತ್ತೂ ತಿಳಿಸಿಲ್ಲದಿದ್ದರೆ ನಿಮ್ಮ ವಾದದ ಬಲ ಕಡಿಮೆಯಾಗುತ್ತದೆ. ಆದ್ದರಿಂದ ಮನೆ ಬಿಟ್ಟು ಬಂದ ವಾರದಲ್ಲೇ ಬ್ಯಾಂಕಿನ ಶಾಖೆಗೆ ಒಂದು ಕಾಗದ ಬರೆಯಿರಿ. ಸಾಲದ ಖಾತೆ ಸಂಖ್ಯೆ, ಹೊಸ ವಿಳಾಸ, ಮೊಬೈಲ್ ನಂಬರ್, 'ಇನ್ನು ಮುಂದೆ ಎಲ್ಲ ನೋಟಿಸ್‌ಗಳನ್ನು ಈ ವಿಳಾಸಕ್ಕೂ ಕಳುಹಿಸಿ' ಎಂಬ ಒಂದು ಸಾಲು. ಇಷ್ಟೇ ಸಾಕು. ನಕಲಿನ ಮೇಲೆ ಶಾಖೆಯ ಸೀಲು ಹಾಕಿಸಿಕೊಳ್ಳಿ.

ಇನ್ನೊಂದು ಮಾತು. ನೋಟಿಸ್ ಬಂದ ಲಕೋಟೆಯನ್ನು ದಯವಿಟ್ಟು ಬಿಸಾಡಬೇಡಿ. ಒಳಗಿನ ಕಾಗದದಲ್ಲಿರುವ ತಾರೀಕು ಒಂದು, ಲಕೋಟೆ ಮೇಲಿನ ಅಂಚೆ ಮೊಹರಿನ ತಾರೀಕು ಇನ್ನೊಂದು ಇರಬಹುದು. 60 ದಿನ ಕೊಟ್ಟರೋ ಇಲ್ಲವೋ, 30 ದಿನ ಪೂರ್ತಿ ಸಿಕ್ಕಿತೋ ಇಲ್ಲವೋ ಎನ್ನುವುದು ಎಷ್ಟೋ ಸಲ ಆ ಮೊಹರಿನಿಂದಲೇ ತೀರ್ಮಾನವಾಗುತ್ತದೆ. ಬಾಗಿಲಿಗೆ ಅಂಟಿಸಿದ್ದರೆ ಕೀಳುವ ಮೊದಲು ಫೋಟೋ ತೆಗೆಯಿರಿ. ಗೋಡೆ, ಮನೆ ನಂಬರ್ ಎರಡೂ ಕಾಣುವ ಹಾಗಿರಲಿ.

13(2)ರ ನೋಟಿಸಿಗೆ ಉತ್ತರ ಕೊಡಲೇಬೇಕಾ? ಏನು ಬರೆಯೋದು?

ಕೊಡಲೇಬೇಕು ಅಂತ ಕಾನೂನಿಲ್ಲ. ಆದರೂ ಕೊಡಿ. ನೀವು ಲಿಖಿತ ಆಕ್ಷೇಪಣೆ ಕಳುಹಿಸಿದರೆ ಬ್ಯಾಂಕ್ ಅದನ್ನು ಪರಿಶೀಲಿಸಿ, ಒಪ್ಪದಿದ್ದರೆ ಕಾರಣ ಸಮೇತ 15 ದಿನದೊಳಗೆ ತಿಳಿಸಬೇಕು. ಉತ್ತರ ಕೊಡದೆ ಮುಂದುವರಿದರೆ ಅದೇ ನಿಮ್ಮ ಕೈಗೆ ಸಿಗುವ ಒಂದು ಗಟ್ಟಿ ಅಂಶ. ಸುಮ್ನೆ ಇದ್ದರೆ ಅದೂ ಇಲ್ಲ.

ಗಂಡನ ದೌರ್ಜನ್ಯದ ಕಥೆಯನ್ನು ಇಲ್ಲಿ ಬರೆಯಬೇಡಿ. ಅದು ನಿಜವೇ ಇರಬಹುದು, ಮನಸ್ಸು ಅದನ್ನೇ ಹೇಳಲು ತವಕಿಸುತ್ತದೆ ಎಂದೂ ನಮಗೆ ಗೊತ್ತು. ಆದರೆ ಬ್ಯಾಂಕಿನ ಅಧಿಕಾರಿಗೆ ಅದರಿಂದ ಮಾಡುವಂಥದ್ದು ಏನೂ ಇಲ್ಲ. ಲೆಕ್ಕದ ತಪ್ಪು, ಕಟ್ಟಿದ್ದರೂ ಜಮೆ ಆಗದ ಕಂತು, ನಿಮ್ಮದಲ್ಲದ ಸಹಿ, ಅಡಮಾನವೇ ಆಗದ ಆಸ್ತಿಯನ್ನು ಸೇರಿಸಿರುವುದು ಇಂಥವನ್ನು ಬರೆಯಿರಿ. ಸಾಲದ ಪೂರ್ತಿ ಸ್ಟೇಟ್‌ಮೆಂಟ್ ಮತ್ತು ಅಡಮಾನ ಪತ್ರಗಳ ನಕಲು ಕೊಡಿ ಅಂತ ಕೇಳಿ.

ಈ ನೋಟಿಸ್ ಬಂದ ಮೇಲೆ ಬ್ಯಾಂಕಿನ ಲಿಖಿತ ಒಪ್ಪಿಗೆ ಇಲ್ಲದೆ ಆ ಆಸ್ತಿಯನ್ನು ಮಾರುವಂತಿಲ್ಲ, ಬಾಡಿಗೆ ಕರಾರು ಮಾಡುವಂತಿಲ್ಲ, ವರ್ಗಾಯಿಸುವಂತಿಲ್ಲ. ಇದು ಸೆಕ್ಷನ್ 13(13). ರಾಜಿಯಲ್ಲಿ 'ಮನೆ ಹೆಂಡತಿಗೆ' ಅಂತ ಒಪ್ಪಿಕೊಂಡು ದಾನಪತ್ರ ಮಾಡಿಸಲು ಹೊರಟವರು ಮೊದಲು ಇದನ್ನು ನೋಡಬೇಕು.

ಹರಾಜನ್ನು ಪ್ರಶ್ನಿಸಲು ಎಲ್ಲಿಗೆ ಹೋಗಬೇಕು? ತುಮಕೂರು ಕೋರ್ಟಿನಲ್ಲಿ ಆಗುತ್ತಾ?

ತುಮಕೂರಿನಲ್ಲಿ ಆಗುವುದಿಲ್ಲ. ಬೆಂಗಳೂರಿನಲ್ಲಿರುವ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿ.ಆರ್.ಟಿ.ಗೆ ಹೋಗಬೇಕು. ಕೋಲಾರ, ಚಿಕ್ಕಬಳ್ಳಾಪುರದವರಿಗೂ ಅಲ್ಲೇ. ಅರ್ಜಿ ಹಾಕುವುದು ಸೆಕ್ಷನ್ 17ರಡಿ, ಬ್ಯಾಂಕ್ ಕ್ರಮ ಕೈಗೊಂಡ 45 ದಿನದೊಳಗೆ. ಬರೀ 13(2)ರ ನೋಟಿಸ್ ಬಂದಾಗ ಅರ್ಜಿ ಹಾಕಲು ಬರುವುದಿಲ್ಲ. ಆದರೆ ಕಾಗದದ ಮೇಲಿನ ಸ್ವಾಧೀನ ಆದ ಕೂಡಲೇ ಹಾಕಬಹುದು, ಮನೆಯಿಂದ ಹೊರಹಾಕುವವರೆಗೆ ಕಾಯಬೇಕಿಲ್ಲ ಎಂದು ಸುಪ್ರೀಂ ಕೋರ್ಟ್ 2018ರಲ್ಲಿ ಹಿಂಡನ್ ಫೋರ್ಜ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ.

ಸಾಲಪತ್ರಕ್ಕೆ ಸಹಿ ಹಾಕದವರೂ ಅರ್ಜಿ ಹಾಕಬಹುದು. ಬ್ಯಾಂಕಿನ ಕ್ರಮದಿಂದ ನೊಂದ 'ಯಾವುದೇ ವ್ಯಕ್ತಿ' ಅಂತಲೇ ಕಾಯ್ದೆಯಲ್ಲಿದೆ. ಶುಲ್ಕ ಬಾಕಿಯ ಮೊತ್ತದ ಮೇಲೆ ಹೋಗುತ್ತದೆ. ಸಾಲಗಾರರಿಗೆ ಅದು 1 ಲಕ್ಷ ರೂಪಾಯಿ ದಾಟುವುದಿಲ್ಲ, ಸಾಲಗಾರರಲ್ಲದವರಿಗೆ 50,000 ದಾಟುವುದಿಲ್ಲ. 10 ಲಕ್ಷದೊಳಗಿನ ಬಾಕಿಗೆ ಸಾಲಗಾರರಾದರೆ ಪ್ರತಿ ಲಕ್ಷಕ್ಕೆ 500 ರೂಪಾಯಿ, ಉಳಿದವರಾದರೆ 125.

ಅರ್ಜಿ ಹಾಕಿದ ತಕ್ಷಣ ಹರಾಜು ತಾನಾಗಿ ನಿಲ್ಲುವುದಿಲ್ಲ. ತಡೆಯಾಜ್ಞೆಗೆ ಬೇರೆ ಮಧ್ಯಂತರ ಅರ್ಜಿ ಹಾಕಿ, ಹರಾಜಿನ ದಿನಕ್ಕೆ ಮೊದಲೇ ಅದು ವಿಚಾರಣೆಗೆ ಬರುವ ಹಾಗೆ ನೋಡಿಕೊಳ್ಳಬೇಕು. ನ್ಯಾಯಮಂಡಳಿ ಇಂತಿಷ್ಟು ಕಟ್ಟಿ ಅಂತ ಷರತ್ತು ಹಾಕುವುದು ಮಾಮೂಲು. ಹಾಗಾಗಿ ಬೆಂಗಳೂರಿನ ಬಸ್ ಹತ್ತುವ ಮೊದಲು ಅಣ್ಣತಮ್ಮಂದಿರ ಹತ್ತಿರ, ಒಡವೆ ಮೇಲೆ, ಹೇಗೋ ಎಷ್ಟು ಹೊಂದಿಸಲು ಸಾಧ್ಯ ಅಂತ ಲೆಕ್ಕ ಹಾಕಿಕೊಂಡಿರಿ.

ಯಾವ ಅಂಶಗಳು ನಿಜವಾಗಿ ಕೆಲಸಕ್ಕೆ ಬರುತ್ತವೆ?

ಬ್ಯಾಂಕ್ ನಿಯಮ ಮುರಿದಿದೆ ಎನ್ನುವ ಅಂಶಗಳು. ಕಷ್ಟದ ಮಾತಿಗೆ ಒಂದಿಷ್ಟು ಕನಿಕರ, ಒಂದಿಷ್ಟು ಸಮಯ ಸಿಗಬಹುದು. ಆದೇಶ ಸಿಗುವುದು ನಿಯಮದ ಮೇಲೆ.

ಪತ್ರಿಕೆಯಲ್ಲಿ ಬಂದ ಮಾರಾಟ ಪ್ರಕಟಣೆಯನ್ನು ಮುಂದಿಟ್ಟುಕೊಂಡು ಕೂರಿ. ಸಣ್ಣ ಅಕ್ಷರ, ಒಂದೇ ಚೌಕದಲ್ಲಿ ಹತ್ತಾರು ಆಸ್ತಿ ತುಂಬಿರುತ್ತದೆ. ನಿಮ್ಮದನ್ನು ಹುಡುಕಿ ಚೆಕ್ಕುಬಂದಿ ಓದಿ. ಪೂರ್ವಕ್ಕೆ ಯಾರ ಸೈಟು, ಪಶ್ಚಿಮಕ್ಕೆ ಎಷ್ಟು ಅಡಿ ರಸ್ತೆ ಅಂತ ನಿಮ್ಮ ಕ್ರಯಪತ್ರದ ಜೊತೆ ಹೋಲಿಸಿ. ಖಾತೆ ನಂಬರ್, ಅಳತೆ ನೋಡಿ. ನೆಲಮಹಡಿ ಮಾತ್ರ ಅಡಮಾನವಾಗಿದ್ದು ಪೂರ್ತಿ ಕಟ್ಟಡವನ್ನು ಬರೆದಿದ್ದಾರಾ? ಬಾಕಿ ಮೊತ್ತ ಸರಿಯಿದೆಯಾ? ಪ್ರಕಟಣೆಯಿಂದ ಹರಾಜಿಗೆ ಪೂರ್ತಿ 30 ದಿನ ಇದೆಯಾ? ನಿಮಗೆ ಬೇರೆಯಾಗಿ ನೋಟಿಸ್ ಕೊಟ್ಟಿದ್ದಾರಾ? ಈ 30 ದಿನದ ನಿಯಮ ಸುಮ್ನೆ ಬರೆದಿಟ್ಟದ್ದಲ್ಲ, ಕಟ್ಟುನಿಟ್ಟಾಗಿ ಪಾಲಿಸಬೇಕು ಎಂದು ಮ್ಯಾಥ್ಯೂ ವರ್ಗೀಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲಿ ಹೇಳಿದೆ.

ಆಮೇಲೆ ಮೀಸಲು ಬೆಲೆ. ಕ್ಯಾತ್ಸಂದ್ರದ ಕಡೆ ಒಂದು ಮನೆಗೆ ಅಕ್ಕಪಕ್ಕದಲ್ಲಿ ಸಿಗುವ ಬೆಲೆ ಎಷ್ಟು, ಬ್ಯಾಂಕ್ ಇಟ್ಟಿರುವುದು ಎಷ್ಟು ಎನ್ನುವುದನ್ನು ಬಾಯಲ್ಲಿ ಹೇಳಿದರೆ ಯಾರೂ ಕೇಳುವುದಿಲ್ಲ. ಸರ್ಕಾರದ ಮಾರ್ಗಸೂಚಿ ದರ, ಇತ್ತೀಚೆಗೆ ಅದೇ ರಸ್ತೆಯಲ್ಲಿ ನೋಂದಣಿಯಾದ ಕ್ರಯಪತ್ರದ ನಕಲು, ನಿಮ್ಮ ಕಡೆಯ ಮೌಲ್ಯಮಾಪಕರ ವರದಿ ಇಡಿ. ಹರಾಜಿನಲ್ಲಿ ಮೀಸಲು ಬೆಲೆಗಿಂತ ಕಡಿಮೆಗೆ ಮಾರಬೇಕಾದರೆ ಸಾಲಗಾರರ ಒಪ್ಪಿಗೆ ಬೇಕು ಎನ್ನುವುದೂ ನೆನಪಿರಲಿ. ಗಂಡನೊಬ್ಬನೇ ಒಪ್ಪಿಗೆ ಬರೆದುಕೊಟ್ಟಿದ್ದರೆ ಕೂಡಲೇ ಆಕ್ಷೇಪ ಎತ್ತಿ.

ಮನೆಯಲ್ಲಿ ಅರ್ಧ ನನ್ನದು. ಅಡಮಾನ ಪತ್ರದಲ್ಲಿರುವ ಸಹಿ ನನ್ನದಲ್ಲ.

ಇದು ಗಂಭೀರ ವಿಷಯ, ಒಂದು ದಿನವೂ ತಡ ಮಾಡಬೇಡಿ. ಬ್ಯಾಂಕಿಗೆ ಲಿಖಿತ ದೂರು, ಪೊಲೀಸ್ ಠಾಣೆಯಲ್ಲಿ ಫೋರ್ಜರಿ ದೂರು, ಡಿ.ಆರ್.ಟಿ.ಯಲ್ಲಿ ಅರ್ಜಿ ಮೂರೂ ಒಟ್ಟಿಗೆ ನಡೆಯಲಿ. ನಿಮ್ಮ ಹಳೆಯ ನಿಜವಾದ ಸಹಿ ಇರುವ ಕಾಗದಗಳನ್ನು ಜೋಡಿಸಿ: ಬ್ಯಾಂಕ್ ಪಾಸ್‌ಬುಕ್, ಪಾನ್ ಕಾರ್ಡ್, ನಿಮ್ಮ ಹೆಸರಿನ ಕ್ರಯಪತ್ರ. ಅಡಮಾನ ಆದ ದಿನ ನೀವು ಬೇರೆ ಊರಲ್ಲಿದ್ದದ್ದಕ್ಕೆ ದಾಖಲೆ ಇದ್ದರೆ ಅದಕ್ಕಿಂತ ಒಳ್ಳೆಯದಿಲ್ಲ. ಸಹಿ ನಿಮ್ಮದಲ್ಲ ಅಂತ ಸಾಬೀತಾದರೆ ನಿಮ್ಮ ಪಾಲಿನ ಮೇಲೆ ಬ್ಯಾಂಕಿಗೆ ಹಕ್ಕಿಲ್ಲ, ಗಂಡ ಅಡ ಇಡಬಹುದಾಗಿದ್ದು ತನ್ನ ಪಾಲನ್ನು ಮಾತ್ರ.

ಸಿವಿಲ್ ಕೋರ್ಟಿನ ಬಾಗಿಲು ಪೂರ್ತಿ ಮುಚ್ಚಿಲ್ಲ ಎನ್ನುವುದು ಕೂಡ ಇಲ್ಲೇ. 2025ರ ಜನವರಿಯಲ್ಲಿ ಸೆಂಟ್ರಲ್ ಬ್ಯಾಂಕ್ ಆಫ್ ಇಂಡಿಯಾ ಮತ್ತು ಪ್ರಭಾ ಜೈನ್ ಪ್ರಕರಣದಲ್ಲಿ, ಕ್ರಯಪತ್ರವೋ ಅಡಮಾನ ಪತ್ರವೋ ಅಸಿಂಧು ಅಂತ ಘೋಷಿಸಿ ಹಕ್ಕು ತೀರ್ಮಾನಿಸುವ ಕೆಲಸ ಸಿವಿಲ್ ಕೋರ್ಟಿನದು, ಡಿ.ಆರ್.ಟಿ.ಯದಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಪಿತ್ರಾರ್ಜಿತ ಆಸ್ತಿಯಲ್ಲಿ ಮಕ್ಕಳ ಪಾಲಿನ ತಕರಾರು ಇದ್ದರೂ ಈ ತೀರ್ಪನ್ನು ನಿಮ್ಮ ವಕೀಲರ ಗಮನಕ್ಕೆ ತನ್ನಿ.

ಮನೆ ಗಂಡನ ಹೆಸರಲ್ಲೇ ಇದೆ. ಕೌಟುಂಬಿಕ ದೌರ್ಜನ್ಯ ಕಾಯ್ದೆಯಲ್ಲಿ ನನಗೆ ವಾಸದ ಆದೇಶ ಸಿಕ್ಕಿದೆ. ಬ್ಯಾಂಕ್ ನನ್ನನ್ನು ಹೊರಗೆ ಹಾಕಬಹುದಾ?

ಈ ಉತ್ತರ ಹೇಳುವಾಗ ನಮಗೂ ಸಂಕಟವಾಗುತ್ತದೆ. 2005ರ ಕಾಯ್ದೆಯ ವಾಸದ ಹಕ್ಕು ದೊಡ್ಡದು. ಗಂಡ, ಅತ್ತೆ-ಮಾವ ನಿಮ್ಮನ್ನು ಹೊರಹಾಕದಂತೆ ಅದು ಕಾಯುತ್ತದೆ. ಆದರೆ ಸರಿಯಾಗಿ ಆದ ಅಡಮಾನದ ಮುಂದೆ, ಸಾಲ ಕೊಟ್ಟ ಬ್ಯಾಂಕಿನ ವಿರುದ್ಧ ಅದು ನಿಲ್ಲುವುದು ಬಹಳ ಕಷ್ಟ. ಬ್ಯಾಂಕ್ ಆ ಕೇಸಿನಲ್ಲಿ ಪಕ್ಷಗಾರನೇ ಅಲ್ಲ.

ಹಾಗಂತ ಕೈ ಚೆಲ್ಲಬೇಡಿ. ಅದೇ ಕಾಯ್ದೆಯ ಸೆಕ್ಷನ್ 19(1)(ಎಫ್) ಪ್ರಕಾರ ಅದೇ ಮಟ್ಟದ ಬೇರೆ ಮನೆ ಅಥವಾ ಅದರ ಬಾಡಿಗೆಯನ್ನು ಗಂಡನಿಂದ ಕೇಳಬಹುದು. ಸ್ವಾಧೀನದ ನೋಟಿಸ್ ಬಂದ ದಿನವೇ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ಈ ಅರ್ಜಿ ಹಾಕಿ, ಸಾಮಾನು ಬೀದಿಗೆ ಬರುವವರೆಗೆ ಕಾಯಬೇಡಿ. ಗಂಡ ಇನ್ನೂ ಸಾಲ ತೆಗೆದಿಲ್ಲ, ತೆಗೆಯುವ ಅನುಮಾನ ಇದೆ ಎನ್ನುವವರು 19(1)(ಡಿ) ಅಡಿ ಮನೆಯನ್ನು ಅಡ ಇಡದಂತೆ ಆದೇಶ ಪಡೆದು, ಅದರ ನಕಲನ್ನು ಸಬ್ ರಿಜಿಸ್ಟ್ರಾರ್ ಕಚೇರಿಗೂ ನಿಮಗೆ ಗೊತ್ತಿರುವ ಬ್ಯಾಂಕುಗಳಿಗೂ ಕೊಡಿ.

ರಾಜಿ ಪತ್ರದಲ್ಲಿ 'ಸಾಲ ಗಂಡನೇ ತೀರಿಸತಕ್ಕದ್ದು' ಅಂತ ಬರೆದಿದೆ. ಡಿಕ್ರಿಯೂ ಆಗಿದೆ. ಆದರೂ ಬ್ಯಾಂಕ್ ನನ್ನನ್ನೇ ಕೇಳುತ್ತಿದೆ.

ಕೇಳಬಹುದು. ಜಂಟಿ ಸಾಲದಲ್ಲಿ ಇಬ್ಬರೂ ಪೂರ್ತಿ ಸಾಲಕ್ಕೆ ಹೊಣೆ, ಅರ್ಧರ್ಧ ಅಂತ ಇಲ್ಲ. ಗಂಡ-ಹೆಂಡತಿ ಏನೇ ಒಪ್ಪಂದ ಮಾಡಿಕೊಂಡರೂ ಬ್ಯಾಂಕ್ ಸಹಿ ಹಾಕದೆ ಅದು ಬ್ಯಾಂಕಿಗೆ ಅನ್ವಯಿಸುವುದಿಲ್ಲ. ನೀವು ಕಟ್ಟಬೇಕಾಗಿ ಬಂದರೆ ಆ ಹಣವನ್ನು ಡಿಕ್ರಿಯ ಬಲದಿಂದ ಗಂಡನಿಂದ ವಸೂಲು ಮಾಡಬಹುದು. ಇನ್ನೂ ರಾಜಿ ಮಾತುಕತೆಯಲ್ಲಿ ಇರುವವರು ದಯವಿಟ್ಟು ಡಿಕ್ರಿಗೆ ಮೊದಲೇ ಬ್ಯಾಂಕಿಗೆ ಹೋಗಿ, ಸಾಲವನ್ನು ಒಬ್ಬರ ಹೆಸರಿಗೆ ಬದಲಿಸಿ ಇನ್ನೊಬ್ಬರನ್ನು ಬಿಡುಗಡೆ ಮಾಡಿಸಿಕೊಳ್ಳಿ. ಬ್ಯಾಂಕ್ ಒಪ್ಪದಿದ್ದರೆ ಮನೆ ಮಾರಿ ಸಾಲ ತೀರಿಸುವ ಷರತ್ತನ್ನೇ ರಾಜಿಯಲ್ಲಿ ಬರೆಸಿ.

ಅಡ ಇಟ್ಟಿರುವುದು ತೋಟ. ಅದನ್ನೂ ಹೀಗೆ ಹರಾಜು ಹಾಕಬಹುದಾ?

ಸರ್ಫೇಸಿ ಕಾಯ್ದೆ ಕೃಷಿ ಜಮೀನಿಗೆ ಅನ್ವಯಿಸುವುದಿಲ್ಲ, ಸೆಕ್ಷನ್ 31(ಐ). ಗುಬ್ಬಿಯ ಅಡಿಕೆ ತೋಟ, ತಿಪಟೂರಿನ ತೆಂಗಿನ ತೋಟ, ಶಿಡ್ಲಘಟ್ಟದ ಹಿಪ್ಪುನೇರಳೆ ಹೊಲ ನಿಜವಾಗಿ ಬೇಸಾಯದಲ್ಲಿದ್ದರೆ ಇದು ನಿಮ್ಮ ಮೊದಲ ವಾದ. ಪಹಣಿ ಒಂದೇ ಸಾಲದು. ಅಡಮಾನ ಮಾಡಿದ ಹೊತ್ತಿಗೆ ಅಲ್ಲಿ ಬೇಸಾಯ ನಡೆಯುತ್ತಿತ್ತು ಅಂತ ತೋರಿಸುವ ಹೊಣೆ ಸಾಲಗಾರರದ್ದು ಎಂದು ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದೆ. ಬೆಳೆ ಮಾರಿದ ಚೀಟಿ, ಪಂಪ್‌ಸೆಟ್ ಸಂಪರ್ಕ, ಹನಿ ನೀರಾವರಿ ಬಿಲ್ಲು, ಫೋಟೋ ಎಲ್ಲ ಎತ್ತಿಡಿ. ಭೂ ಪರಿವರ್ತನೆ ಆಗಿ ಸೈಟು ಮಾಡಿದ್ದರೆ ಈ ವಾದ ಬಿಡಿ.

ಮನೆ ಉಳಿಸಿಕೊಳ್ಳಲು ಹಣ ಹೊಂದಿಸುತ್ತಿದ್ದೇವೆ. ಹರಾಜಿನ ಹಿಂದಿನ ದಿನ ಕಟ್ಟಿದರೆ ನಡೆಯುತ್ತಾ?

ತಡವಾಗಿರುತ್ತದೆ. 2016ರ ತಿದ್ದುಪಡಿ ಆದ ಮೇಲೆ, ಹರಾಜಿನ ಪ್ರಕಟಣೆ ಹೊರಬೀಳುವುದಕ್ಕೆ ಮೊದಲೇ ಪೂರ್ತಿ ಬಾಕಿ ಕಟ್ಟಿದರೆ ಮಾತ್ರ ಆಸ್ತಿ ಬಿಡಿಸಿಕೊಳ್ಳುವುದು ನಿಮ್ಮ ಹಕ್ಕು. ಸೆಲಿರ್ ಮತ್ತು ಬಾಫ್ನಾ ಮೋಟರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2023ರಲ್ಲಿ ಇದನ್ನೇ ಖಚಿತಪಡಿಸಿತು. ಆಮೇಲೆ ಬ್ಯಾಂಕ್ ಮನಸ್ಸು ಮಾಡಿದರೆ ಉಂಟು, ಇಲ್ಲದಿದ್ದರೆ ಇಲ್ಲ. ಒಂದೇ ಬಾರಿ ತೀರುವಳಿ, ಅಂದರೆ ಓ.ಟಿ.ಎಸ್., ಕೂಡ ಕೇಳಬಹುದು, ಹಕ್ಕು ಅಂತ ಒತ್ತಾಯಿಸಲು ಬರುವುದಿಲ್ಲ.

ಗಂಡ-ಹೆಂಡತಿ ಇಬ್ಬರೂ ಮುಖ ನೋಡಲು ಒಪ್ಪದಿದ್ದರೂ ಒಂದು ವಿಷಯದಲ್ಲಿ ಕೈ ಜೋಡಿಸಿದರೆ ಇಬ್ಬರಿಗೂ ಲಾಭ: ಒಳ್ಳೆಯ ಬೆಲೆಗೆ ನೀವೇ ಕೊಳ್ಳುವವರನ್ನು ಹುಡುಕಿ ಬ್ಯಾಂಕಿನ ಮುಂದೆ ನಿಲ್ಲಿಸುವುದು. ಬ್ಯಾಂಕಿನ ಒಪ್ಪಿಗೆಯಿಂದ ಹೀಗೆ ಖಾಸಗಿಯಾಗಿ ಮಾರಲು ನಿಯಮದಲ್ಲೇ ಅವಕಾಶ ಇದೆ. ವಕೀಲರ ಮೂಲಕವೇ ಮಾತಾಡಿಸಿ, ಎದುರುಬದುರು ಕೂರಬೇಕಂತಿಲ್ಲ.

ಹರಾಜು ಆಗಿಹೋಗಿದೆ. ಇನ್ನೇನೂ ಮಾಡಲು ಆಗಲ್ವಾ?

ಕೊಂಡವರು 25 ಶೇಕಡಾ ಅದೇ ದಿನ ಅಥವಾ ಮರುದಿನದ ಕೆಲಸದ ವೇಳೆಯೊಳಗೆ ಕಟ್ಟಬೇಕು, ಉಳಿದದ್ದನ್ನು ಮಾರಾಟ ಖಚಿತವಾದ 15 ದಿನದೊಳಗೆ. ಬ್ಯಾಂಕ್ ಒಪ್ಪಿದರೆ ಒಟ್ಟು 3 ತಿಂಗಳವರೆಗೆ ಸಮಯ ಕೊಡಬಹುದು. ಈ ಅವಧಿ ತಪ್ಪಿದೆಯಾ ನೋಡಿ. ಹರಾಜು ಆದ ಮೇಲೂ ಡಿ.ಆರ್.ಟಿ.ಗೆ ಹೋಗಬಹುದು, ಕೊಂಡವರನ್ನೂ ಪಕ್ಷಗಾರರನ್ನಾಗಿ ಸೇರಿಸಿ. ಮಾರಾಟ ಪ್ರಮಾಣಪತ್ರ ನೋಂದಣಿ ಆದಮೇಲೆ ದಾರಿ ತುಂಬಾ ಕಡಿದಾಗುತ್ತದೆ. ಡಿ.ಆರ್.ಟಿ. ಆದೇಶದ ಮೇಲೆ ಮೇಲ್ಮನವಿ ಹೋಗುವುದು ಚೆನ್ನೈನ ಮೇಲ್ಮನವಿ ನ್ಯಾಯಮಂಡಳಿಗೆ. ಸಾಲಗಾರರು ಅದಕ್ಕೆ ಬಾಕಿಯ ಅರ್ಧ ಮೊತ್ತ ಕಟ್ಟಬೇಕು, ನ್ಯಾಯಮಂಡಳಿ ಮನಸ್ಸು ಮಾಡಿದರೆ ಕಾಲು ಭಾಗಕ್ಕೆ ಇಳಿಸಬಹುದು.

ನೇರ ಹೈಕೋರ್ಟಿಗೆ ಹೋದರೆ ಬೇಗ ಆಗಲ್ವಾ?

ಡಿ.ಆರ್.ಟಿ. ದಾರಿ ಇರುವಾಗ ರಿಟ್ ಅರ್ಜಿ ಪುರಸ್ಕರಿಸಬಾರದು ಎಂದು ಸುಪ್ರೀಂ ಕೋರ್ಟ್ 2010ರ ಸತ್ಯವತಿ ಟಂಡನ್ ಪ್ರಕರಣದಿಂದ ಹೇಳುತ್ತಲೇ ಬಂದಿದೆ. ಅಲ್ಲಿ ಕಳೆದ ದಿನಗಳು ನಿಮ್ಮ 45 ದಿನದಲ್ಲಿ ಕರಗಿರುತ್ತವೆ.

ವಕೀಲರಿಗೆ ಕೊಡಲು ದುಡ್ಡಿಲ್ಲ.

ತುಮಕೂರಿನ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. 1987ರ ಕಾಯ್ದೆಯ ಸೆಕ್ಷನ್ 12ರ ಪ್ರಕಾರ ಹೆಣ್ಣುಮಕ್ಕಳಿಗೆ ಉಚಿತ ಕಾನೂನು ನೆರವು ಪಡೆಯಲು ಆದಾಯದ ಮಿತಿ ಇಲ್ಲ. ಸರ್ಕಾರಿ ನೌಕರಿಯಲ್ಲಿರುವವರೂ ಕೇಳಬಹುದು, ನಾಚಿಕೆ ಬೇಡ. ಆ ಕಾಯ್ದೆಯಲ್ಲಿ 'ನ್ಯಾಯಾಲಯ' ಅಂದರೆ ನ್ಯಾಯಮಂಡಳಿಗಳೂ ಸೇರಿವೆ, ಆದ್ದರಿಂದ ಡಿ.ಆರ್.ಟಿ. ಕೇಸಿಗೂ ನೆರವು ಕೇಳಿ. ಸಹಾಯವಾಣಿ 15100.

ಹರಾಜಿನ ಹಣದಲ್ಲಿ ಸಾಲ ಕಳೆದು ಮಿಕ್ಕಿದ್ದು ಯಾರಿಗೆ?

ಇದನ್ನು ಕೇಳುವವರು ಕಡಿಮೆ, ಕೇಳಲೇಬೇಕಾದ ಪ್ರಶ್ನೆ ಇದು. ಮನೆ 48 ಲಕ್ಷಕ್ಕೆ ಹೋಯಿತು, ಖರ್ಚು ಸೇರಿ ಬಾಕಿ 36 ಲಕ್ಷ ಅಂತ ಇಟ್ಟುಕೊಳ್ಳಿ. ಉಳಿದ 12 ಲಕ್ಷವನ್ನು ಸೆಕ್ಷನ್ 13(7)ರ ಪ್ರಕಾರ ಅದಕ್ಕೆ ಹಕ್ಕುಳ್ಳವರಿಗೆ ಬ್ಯಾಂಕ್ ಕೊಡಬೇಕು. ಬ್ಯಾಂಕಿನ ಕಡತದಲ್ಲಿ ಗಂಡ ಮೊದಲ ಸಾಲಗಾರನಾಗಿದ್ದರೆ ಆ ಹಣ ಸದ್ದಿಲ್ಲದೆ ಅವನ ಖಾತೆಗೆ ಹೋಗಿಬಿಡಬಹುದು. ಹರಾಜಿನ ಪ್ರಕಟಣೆ ಕಂಡ ಕೂಡಲೇ ಬ್ಯಾಂಕಿನ ಅಧಿಕೃತ ಅಧಿಕಾರಿಗೆ ಪತ್ರ ಬರೆಯಿರಿ: ಆಸ್ತಿಯಲ್ಲಿ ನನ್ನ ಪಾಲಿದೆ, ಇಂತಿಂಥ ಕೇಸ್ ಬಾಕಿ ಇದೆ, ಮಿಕ್ಕ ಹಣವನ್ನು ಒಬ್ಬರಿಗೇ ಕೊಡಬೇಡಿ ಅಂತ. ಜೊತೆಗೆ ಕೌಟುಂಬಿಕ ನ್ಯಾಯಾಲಯದಲ್ಲಿ, ಆ ಹಣ ಗಂಡನ ಕೈ ಸೇರದಂತೆ ಕೋರ್ಟಿನಲ್ಲೇ ಠೇವಣಿ ಇರಿಸುವಂತೆ ಅರ್ಜಿ ಹಾಕಿ. ಮನೆ ನಿಮ್ಮ ಹೆಸರಲ್ಲಿ ಇಲ್ಲದಿದ್ದರೂ ಜೀವನಾಂಶ, ಮಕ್ಕಳ ಓದಿನ ಖರ್ಚು ಬಾಕಿ ಇದ್ದರೆ ಅದನ್ನೇ ಕಾರಣ ಮಾಡಿ ಕೇಳಬಹುದು.

ಬೆಲೆ ಸಾಲದೆ ಬಾಕಿ ಉಳಿದರೆ ಬ್ಯಾಂಕ್ ಅದನ್ನೂ ಬಿಡುವುದಿಲ್ಲ. ಉಳಿದ ಮೊತ್ತ 20 ಲಕ್ಷ ಅಥವಾ ಅದಕ್ಕೂ ಜಾಸ್ತಿ ಇದ್ದರೆ ಡಿ.ಆರ್.ಟಿ.ಯಲ್ಲಿ, ಕಡಿಮೆ ಇದ್ದರೆ ಸಿವಿಲ್ ಕೋರ್ಟಿನಲ್ಲಿ ಸಹಿ ಹಾಕಿದ ಇಬ್ಬರ ಮೇಲೂ ಕೇಸ್ ಬರುತ್ತದೆ. ಅದರ ಸಮನ್ಸ್ ಕೂಡ ಹಳೆ ವಿಳಾಸಕ್ಕೇ ಹೋಗುತ್ತದೆ, ಆದ್ದರಿಂದ ವಿಳಾಸದ ಕಾಗದವನ್ನು ಇನ್ನೂ ಕೊಟ್ಟಿಲ್ಲದಿದ್ದರೆ ನಾಳೆ ಬೆಳಿಗ್ಗೆ ಶಾಖೆ ತೆರೆದ ಕೂಡಲೇ ಕೊಟ್ಟು ಬನ್ನಿ.